‘ಡಾಲ್ಫಿನೇರಿಯಂ’: ಒಂದು ಪದದ ಅರ್ಥ ಮತ್ತು ಬಳಕೆ

ಆಡಳಿತ ಭಾಷೆಯ ಅನುವಾದದಲ್ಲಿ ತೊಡಗಿರುವವರಿಗೆ ಎದುರಾಗುವ ತೊಡಕುಗಳಲ್ಲಿ ಒಂದು ವಿಶೇಷ ಬಗೆಯದು. ವಸ್ತುವೇ ನಾಡಿನಲ್ಲಿ ಇಲ್ಲ. ಆದರೆ ಅದನ್ನು ನಿಷೇಧಿಸುವ ಆದೇಶವಿದೆ. ಇಲ್ಲದ ವಸ್ತುವಿಗೆ ಹೆಸರಿಡಬೇಕು. ಆ ಹೆಸರು ನಿಷೇಧದ ವ್ಯಾಪ್ತಿಯನ್ನು ಹಿಗ್ಗಿಸಲೂ ಬಾರದು, ಕುಗ್ಗಿಸಲೂ ಬಾರದು. ‘ಡಾಲ್ಫಿನೇರಿಯಂ’ ಇಂಥ ಒಂದು ಪದ. 2013ರ ಮೇ 17ರಂದು ಕೇಂದ್ರ ಮೃಗಾಲಯ ಪ್ರಾಧಿಕಾರವು ಹೊರಡಿಸಿದ ಸುತ್ತೋಲೆಯ ಮೂಲಕ ಇದು ನಮ್ಮ ಆಡಳಿತ ವ್ಯವಹಾರದೊಳಗೆ ಗಟ್ಟಿಯಾಗಿ ನೆಲೆಯೂರಿತು. ಈ ಪದದ ರಚನೆ, ಅರ್ಥವ್ಯಾಪ್ತಿ ಹಾಗೂ ಕನ್ನಡದಲ್ಲಿ ಅದಕ್ಕೆ ಸಲ್ಲಬಹುದಾದ ರೂಪ ಇವುಗಳನ್ನು ಪ್ರಸ್ತುತ ಲೇಖನದಲ್ಲಿ ಪರಿಶೀಲಿಸಲಾಗಿದೆ.

ಪದದ ಪೂರ್ವಾರ್ಧ ಗ್ರೀಕ್ ಮೂಲದ್ದು. ಗ್ರೀಕಿನ ‘ಡೆಲ್ಫಿಸ್’ ಎಂಬುದು ಗರ್ಭಕೋಶವನ್ನು ಸೂಚಿಸುವ ‘ಡೆಲ್ಫುಸ್’ ಎಂಬ ಪದಕ್ಕೆ ಸಂಬಂಧಿಸಿದ್ದು. ಮೀನಿನ ಆಕಾರವಿದ್ದರೂ ಗರ್ಭದಲ್ಲಿ ಮರಿಯನ್ನು ಹೊತ್ತು ಹೆರುವ ಜೀವಿ ಎಂಬ ತಿಳಿವಳಿಕೆ ಹೆಸರಿನಲ್ಲಿಯೇ ಅಡಗಿದೆ. ಆದ್ದರಿಂದ ಕನ್ನಡದಲ್ಲಿ ಕೆಲವೊಮ್ಮೆ ಕಾಣುವ ‘ಡಾಲ್ಫಿನ್ ಮೀನು’ ಎಂಬ ಪ್ರಯೋಗವು ಪ್ರಾಣಿಶಾಸ್ತ್ರದ ದೃಷ್ಟಿಯಿಂದಷ್ಟೇ ಅಲ್ಲ, ಪದದ ವ್ಯುತ್ಪತ್ತಿಯ ದೃಷ್ಟಿಯಿಂದಲೂ ತಪ್ಪು.

ಉತ್ತರಾರ್ಧವಾದ ‘-ಏರಿಯಂ’ ಲ್ಯಾಟಿನ್ ಪ್ರತ್ಯಯ. ‘ಇಂಥದ್ದಕ್ಕೆ ಸಂಬಂಧಿಸಿದ ಎಡೆ’ ಎಂಬುದು ಅದರ ಸ್ಥೂಲ ಅರ್ಥ. ಹಕ್ಕಿಗಳ ಎಡೆ ‘ಏವಿಯೇರಿಯಂ’, ಬದುಕಿರುವ ಪ್ರಾಣಿಗಳನ್ನು ಕೂಡಿಡುವ ಎಡೆ ‘ವಿವೇರಿಯಂ’. ‘ಅಕ್ವೇರಿಯಂ’ ಲ್ಯಾಟಿನ್ನಿನಲ್ಲಿ ದನಗಳಿಗೆ ನೀರುಣಿಸುವ ತಾಣವಾಗಿತ್ತು. ಜಲಜೀವಿಗಳ ಗಾಜಿನ ತೊಟ್ಟಿ ಎಂಬ ಅರ್ಥ ಇಂಗ್ಲಿಷಿನಲ್ಲಿ ರೂಢವಾದದ್ದು ಫಿಲಿಪ್ ಹೆನ್ರಿ ಗಾಸ್ ಎಂಬ ನಿಸರ್ಗಶಾಸ್ತ್ರಜ್ಞನ 1854ರ ಪುಸ್ತಕದ ಅನಂತರ. ‘ಕೊಲಂಬೇರಿಯಂ’ ಮೊದಲಿಗೆ ಪಾರಿವಾಳದ ಗೂಡು; ಬಳಿಕ ಮೃತರ ಚಿತಾಭಸ್ಮದ ಕಲಶಗಳನ್ನಿಡುವ ಗೂಡುಗಳ ಸಾಲು. ಒಳಗಿರುವುದಕ್ಕೂ ಅದನ್ನು ಒಳಗೊಂಡಿರುವುದಕ್ಕೂ ಇರುವ ಸಂಬಂಧದ ಸ್ವರೂಪವನ್ನು ಈ ಪ್ರತ್ಯಯ ಹೇಳುವುದಿಲ್ಲ ಎಂಬುದನ್ನು ಇಲ್ಲಿ ಗಮನಿಸಬೇಕು.

ಹೈದರಾಬಾದಿನ ಉದಾಹರಣೆಯಿಂದ ಇದು ಸ್ಪಷ್ಟವಾಗುತ್ತದೆ. ನೌಬತ್ ಪಹಾಡ್ ಗುಡ್ಡದ ಮೇಲೆ 1985ರಲ್ಲಿ ಆರಂಭವಾದ ಬಿರ್ಲಾ ಪ್ಲಾನೆಟೇರಿಯಂ ಇದೆ. ಅಲ್ಲಿರುವುದು ಗ್ರಹತಾರೆಗಳ ಬಿಂಬಗಳು ಮಾತ್ರ. ಯಾವ ಗ್ರಹವೂ ಅಲ್ಲಿ ಸೆರೆಯಾಗಿಲ್ಲ. ಅದೇ ನಗರದಲ್ಲಿ 1963ರಲ್ಲಿ ತೆರೆದ ನೆಹರೂ ಮೃಗೋದ್ಯಾನದ ಅಕ್ವೇರಿಯಂ ಇದೆ. ಅಲ್ಲಿರುವುದು ಜೀವಂತ ಮೀನುಗಳು. ಪ್ರತ್ಯಯ ಒಂದೇ, ಸಂಬಂಧ ಬೇರೆ. ಕನ್ನಡದ ‘ಆಲಯ’ದ ಸ್ಥಿತಿಯೂ ಇದೇ. ತಾರಾಲಯ, ಗ್ರಂಥಾಲಯ, ದೇವಾಲಯ, ಮೃಗಾಲಯ, ಮತ್ಸ್ಯಾಲಯ ಎಲ್ಲವೂ ಒಂದೇ ಅಚ್ಚಿನವು. ದೇವಾಲಯದಲ್ಲಿ ದೇವರು ನೆಲೆಸಿದ್ದಾನೆ ಎನ್ನುತ್ತೇವೆ. ಮೃಗಾಲಯದಲ್ಲಿ ಮೃಗವನ್ನು ಇರಿಸಲಾಗಿದೆ. ‘ನೆಲೆಸು’ ಮತ್ತು ‘ಇರಿಸು’ ಎಂಬ ಕ್ರಿಯೆಗಳ ನಡುವಿನ ಅಂತರವನ್ನು ‘ಆಲಯ’ ಮುಚ್ಚುತ್ತದೆ.

ಕನ್ನಡಕ್ಕೆ ಈ ಅಂತರವನ್ನು ತೋರುವ ಶಕ್ತಿ ಇಲ್ಲವೆಂದಲ್ಲ. ಸಾಕುಪ್ರಾಣಿಗೆ ಕೊಟ್ಟಿಗೆ, ಹಟ್ಟಿ, ಲಾಯ, ಅಲೆಮಾರಿ ದನವನ್ನು ಕೂಡಿಹಾಕಲು ದೊಡ್ಡಿ, ಹುಲಿಗೆ ಬೋನು, ಹಕ್ಕಿಗೆ ಪಂಜರ, ಕಾಡಾನೆಗೆ ಖೆಡ್ಡಾ. ಮೈಸೂರು ಸೀಮೆಯ ಕಾಕನಕೋಟೆಯಲ್ಲಿ 1971ರವರೆಗೆ ನಡೆದ ಖೆಡ್ಡಾ ಕಾರ್ಯಾಚರಣೆಗಳನ್ನು ಬಲ್ಲವರಾರೂ ಆ ಪದವನ್ನು ಆನೆಯ ನಿವಾಸವೆಂದು ತಿಳಿಯಲಾರರು. ಹಿಂದಿನ ಹೈದರಾಬಾದ್ ಸಂಸ್ಥಾನದ ಜಿಲ್ಲೆಗಳ ಕನ್ನಡಕ್ಕೆ ‘ಖಾನೆ’ಯೂ ಪರಿಚಿತ: ದವಾಖಾನೆ, ಕಾರ್ಖಾನೆ, ಬಂದೀಖಾನೆ. ಹೈದರಾಬಾದಿನ ಬೇಗಂ ಬಜಾರ್ ಬಳಿಯ ಫೀಲ್‌ಖಾನಾ ಆನೆಗಳಿಲ್ಲದೆಯೂ ಆನೆಯ ಹೆಸರನ್ನು ಉಳಿಸಿಕೊಂಡಿದೆ. ‘ಖಾನೆ’ಯೂ ‘ಆಲಯ’ದಂತೆ ತಟಸ್ಥವೇ, ‘ಬಂದೀಖಾನೆ’ಯಲ್ಲಿ ಸೆರೆಯ ಅರ್ಥ ಬರುವುದು ಪೂರ್ವಪದದಿಂದ. ಅಂದರೆ ಬಂಧನವನ್ನು ಸೂಚಿಸಬೇಕಾದರೆ ಅದನ್ನು ಪ್ರತ್ಯೇಕವಾಗಿ ಹೇಳಬೇಕು. ಸ್ಥಳವಾಚಕವು ತಾನಾಗಿ ಹೇಳದು.

ಇನ್ನು ವಸ್ತುವಿನ ಇತಿಹಾಸ. 1938ರಲ್ಲಿ ಅಮೆರಿಕದ ಫ್ಲಾರಿಡಾದಲ್ಲಿ ‘ಮರೀನ್ ಸ್ಟುಡಿಯೋಸ್’ ಎಂಬ ಕೇಂದ್ರ ತೆರೆಯಿತು. ನೀರಿನೊಳಗಿನ ದೃಶ್ಯಗಳ ಚಿತ್ರೀಕರಣವೇ ಅದರ ಮೂಲ ಉದ್ದೇಶ. ಕ್ರಮೇಣ ಡಾಲ್ಫಿನ್ ಪ್ರದರ್ಶನ ಮುಖ್ಯವಾಯಿತು. ಇಂಥ ಕೇಂದ್ರಗಳಿಗೆ ಮೊದಲು ‘ಓಷನೇರಿಯಂ’ ಎಂಬ ವಿಶಾಲ ಹೆಸರು ಬಳಕೆಗೆ ಬಂತು. 20ನೆಯ ಶತಮಾನದ ಉತ್ತರಾರ್ಧದಲ್ಲಿ ಯುರೋಪಿನ ಹಲವು ಭಾಷೆಗಳಲ್ಲಿ ‘ಡಾಲ್ಫಿನೇರಿಯಂ’ ಎಂಬ ನಿರ್ದಿಷ್ಟ ಪದ ಹರಡಿತು. ವಸ್ತು ಅಳಿದ ಮೇಲೂ ಹೆಸರು ಉಳಿದ ನಿದರ್ಶನ ಇಲ್ಲಿಯೂ ಉಂಟು. ಇಸ್ರೇಲಿನ ಟೆಲ್ ಅವೀವ್ ಕಡಲತೀರದ ಡಾಲ್ಫಿನೇರಿಯಂ 1980ರ ದಶಕದಲ್ಲಿಯೇ ಮುಚ್ಚಿತು. ಕಟ್ಟಡ ಮಾತ್ರ ಅದೇ ಹೆಸರಿನಿಂದ ಉಳಿಯಿತು. 2001ರ ಜೂನ್ 1ರಂದು ಅಲ್ಲಿನ ನೃತ್ಯಶಾಲೆಯ ಬಳಿ ನಡೆದ ಬಾಂಬ್ ದಾಳಿಯಲ್ಲಿ 21 ಮಂದಿ ಮಡಿದಾಗ ಜಗತ್ತಿನ ಪತ್ರಿಕೆಗಳು ಆ ಹೆಸರನ್ನು ಮುದ್ರಿಸಿದವು. ಅನೇಕ ಓದುಗರಿಗೆ ಆ ಪದದ ಮೊದಲ ಪರಿಚಯ ಡಾಲ್ಫಿನ್ ಇಲ್ಲದ ಡಾಲ್ಫಿನೇರಿಯಮ್ಮಿನಿಂದ ಆಯಿತು.

ಭಾರತದಲ್ಲಿ ಈ ವಸ್ತುವಿನ ಅನುಭವ ಅಲ್ಪಕಾಲದ್ದು, ದಾರುಣವಾದದ್ದು. ಮದ್ರಾಸಿನ ದಕ್ಷಿಣದ ಕರಾವಳಿಯಲ್ಲಿ ‘ಡಾಲ್ಫಿನ್ ಸಿಟಿ’ ಎಂಬ ಮನೋರಂಜನಾ ಕೇಂದ್ರಕ್ಕೆ 1998ರಲ್ಲಿ ಬಲ್ಗೇರಿಯದಿಂದ ತಂದ ಡಾಲ್ಫಿನ್‌ಗಳು ಕೆಲವೇ ತಿಂಗಳುಗಳಲ್ಲಿ ಸತ್ತವು. ಬಳಿಕ ಕೊಚ್ಚಿಯೂ ಸೇರಿದಂತೆ ಬೇರೆಡೆಗಳಲ್ಲಿ ಹೊಸ ಪ್ರಸ್ತಾವಗಳು ಬಂದಾಗ ಪ್ರಾಣಿಹಿತದ ಸಂಘಟನೆಗಳು ವಿರೋಧಿಸಿದವು. 2013ರ ಸುತ್ತೋಲೆ ಬಂದದ್ದು ಈ ಹಿನ್ನೆಲೆಯಲ್ಲಿ. ‘ಸಿಟಿ’, ‘ಪಾರ್ಕ್’, ‘ವರ್ಲ್ಡ್’ ಎಂಬ ಹೆಸರುಗಳು ‘ಏರಿಯಂ’ಗಿಂತಲೂ ಒಂದು ಹೆಜ್ಜೆ ಮುಂದೆ ಹೋಗಿ ಕೂಡಿಡುವಿಕೆಯ ಸುಳಿವನ್ನೇ ಅಳಿಸುತ್ತವೆ.

ಸುತ್ತೋಲೆಯನ್ನು ಹೊರಡಿಸಿದವರಿಗೆ ಈ ಅಪಾಯದ ಅರಿವಿದ್ದಂತೆ ತೋರುತ್ತದೆ. ಶೀರ್ಷಿಕೆಯಲ್ಲಿ ‘ಡಾಲ್ಫಿನೇರಿಯಂ’ ಎಂದಿದ್ದರೂ ಅದರ ಒಡಲು ಹೆಸರನ್ನು ಅವಲಂಬಿಸಿಲ್ಲ. ವಾಣಿಜ್ಯ ಮನೋರಂಜನೆ, ಖಾಸಗಿ ಅಥವಾ ಸಾರ್ವಜನಿಕ ಪ್ರದರ್ಶನ, ಪ್ರಾಣಿಯೊಂದಿಗಿನ ಒಡನಾಟ ಇವುಗಳಿಗಾಗಿ ತಿಮಿಕುಲದ ಜೀವಿಗಳನ್ನು ಆಮದು ಮಾಡುವ ಅಥವಾ ಹಿಡಿಯುವ ಯಾವುದೇ ಪ್ರಸ್ತಾವವನ್ನು, ಅದು ವ್ಯಕ್ತಿಯದಾಗಲಿ ಸಂಸ್ಥೆಯದಾಗಲಿ ಸರ್ಕಾರಿ ಅಂಗದ್ದಾಗಲಿ, ತಿರಸ್ಕರಿಸುವಂತೆ ರಾಜ್ಯಗಳಿಗೆ ಅದು ಸೂಚಿಸುತ್ತದೆ. ಇಲ್ಲಿ ಎರಡು ಅಂಶಗಳು ಮುಖ್ಯ. ಒಂದು, ವ್ಯಾಪ್ತಿ ಡಾಲ್ಫಿನ್ನಿಗಷ್ಟೇ ಸೀಮಿತವಲ್ಲ; ತಿಮಿಂಗಿಲ ಮೊದಲಾದ ಸಮಸ್ತ ತಿಮಿಕುಲವೂ ಅದರಲ್ಲಿ ಸೇರಿದೆ. ಎರಡು, ನಿಷೇಧದ ನೆಲೆ ಕಟ್ಟಡವಲ್ಲ, ಉದ್ದೇಶ. ‘ಡಾಲ್ಫಿನಾಲಯ’ ಎಂದು ಸುಮ್ಮನೆ ಅನುವಾದಿಸಿದರೆ ಇವೆರಡೂ ತಪ್ಪಿಹೋಗುವ ಸಂಭವವಿದೆ. ತನ್ನನ್ನು ‘ಜಲೋದ್ಯಾನ’ವೆಂದು ಕರೆದುಕೊಂಡ ಸಂಸ್ಥೆಯೊಂದು ತನಗೆ ಈ ಸುತ್ತೋಲೆ ಅನ್ವಯಿಸದೆಂದು ವಾದಿಸಲು ಅನುವಾದವೇ ಎಡೆಮಾಡಿಕೊಡಬಾರದು.

ಅದೇ ಸುತ್ತೋಲೆಯ ಇನ್ನೊಂದು ಪದಪುಂಜ ಇದಕ್ಕಿಂತ ಹೆಚ್ಚು ಪ್ರಚಾರ ಪಡೆಯಿತು: ‘ಮಾನವೇತರ ವ್ಯಕ್ತಿಗಳು’. ಭಾರತವು ಡಾಲ್ಫಿನ್ನುಗಳನ್ನು ವ್ಯಕ್ತಿಗಳೆಂದು ಘೋಷಿಸಿತು ಎಂಬ ಸುದ್ದಿ ದೇಶವಿದೇಶಗಳಲ್ಲಿ ಹಬ್ಬಿತು. ವಾಸ್ತವವಾಗಿ ಅಲ್ಲಿರುವ ಮಾತು ಬೇರೆ. ಡಾಲ್ಫಿನ್ನುಗಳ ಅಸಾಧಾರಣ ಬುದ್ಧಿಶಕ್ತಿಯಿಂದಾಗಿ ಅವನ್ನು ಹಾಗೆ ಕಾಣಬೇಕೆಂದು ವಿವಿಧ ವಿಜ್ಞಾನಿಗಳು ಸೂಚಿಸಿದ್ದಾರೆ ಎಂದು ಸುತ್ತೋಲೆಯ ಪೀಠಿಕಾಭಾಗ ವರದಿ ಮಾಡುತ್ತದೆ. ಅದು ಕಾರಣನಿರೂಪಣೆಯೇ ಹೊರತು ವಿಧಿವಾಕ್ಯವಲ್ಲ. ಕನ್ನಡದ ‘ಎಂದು ಸೂಚಿಸಿದ್ದಾರೆ’ ಎಂಬ ಎರಡು ಪದಗಳನ್ನು ಕೈಬಿಟ್ಟರೆ ಅಭಿಪ್ರಾಯವೊಂದು ಶಾಸನವಾಗಿ ಮಾರ್ಪಡುತ್ತದೆ. ಆದರೂ ‘ವ್ಯಕ್ತಿ’ ಎಂಬ ಪದ ನಮ್ಮಲ್ಲಿ ಅಷ್ಟೇನೂ ಅಸಂಗತವಲ್ಲ. ಸಂಸ್ಕೃತದಲ್ಲಿ ಅದರ ಮೂಲಾರ್ಥ ‘ಪ್ರಕಟವಾದದ್ದು’, ‘ಬೇರೆಯಾಗಿ ತೋರುವುದು’. ಮನುಷ್ಯತ್ವ ಅದರ ಅನಿವಾರ್ಯ ಲಕ್ಷಣವಲ್ಲ. ದೇವತಾವಿಗ್ರಹವನ್ನು ಭಾರತೀಯ ನ್ಯಾಯಾಲಯಗಳು ಬಹುಕಾಲದಿಂದ ನ್ಯಾಯಿಕ ವ್ಯಕ್ತಿಯೆಂದು ಮನ್ನಿಸಿವೆ.

ಡಾಲ್ಫಿನ್ನಿಗೆ ದೇಶೀಯ ಹೆಸರೊಂದನ್ನು ಬಳಸಬಾರದೇಕೆ ಎಂಬ ಪ್ರಶ್ನೆಯೂ ಸಹಜವೇ. ಸಂಸ್ಕೃತದ ‘ಶಿಶುಮಾರ’ ಅಥವಾ ‘ಶಿಂಶುಮಾರ’ ಅಮರಕೋಶದ ವಾರಿವರ್ಗದಲ್ಲಿ ಜಲಚರಗಳ ಸಾಲಿನಲ್ಲಿದೆ. ಗಂಗಾ ಡಾಲ್ಫಿನ್ನಿಗಿರುವ ಹಿಂದಿಯ ‘ಸೂಂಸ್’, ಬಂಗಾಳಿಯ ‘ಶುಶುಕ್’ ಹೆಸರುಗಳನ್ನು ಅದರೊಂದಿಗೆ ಹೊಂದಿಸಲಾಗುತ್ತದೆ. ಆದರೆ ಆ ಪದಕ್ಕೆ ಮೊಸಳೆಯೆಂಬ ಅರ್ಥವೂ ಇದೆ. ಭಾಗವತದಲ್ಲಿ ಅದು ನಕ್ಷತ್ರಚಕ್ರದ ಹೆಸರೂ ಆಗಿದೆ. ಮಲಯಾಳದ ‘ಕಡಲ್‌ಪನ್ನಿ’ ಎಂದರೆ ಕಡಲಹಂದಿ. ಇಂಗ್ಲಿಷಿನ ‘ಪೋರ್ಪಾಯಿಸ್’ ಎಂಬ ಬಳಗದ ಹೆಸರೂ ‘ಹಂದಿಮೀನು’ ಎಂಬ ಲ್ಯಾಟಿನ್ ಕಲ್ಪನೆಯಿಂದಲೇ ಬಂದದ್ದು. ಇವು ಸಂಸ್ಕೃತಿಯ ಅಧ್ಯಯನಕ್ಕೆ ಅಮೂಲ್ಯವಾದರೂ ಕಾನೂನಿನ ಪರಿಭಾಷೆಗೆ ಬೇಕಾದ ನಿಖರತೆ ಅವುಗಳಲ್ಲಿಲ್ಲ. ‘ಡಾಲ್ಫಿನ್’ ಈಗಾಗಲೇ ಕನ್ನಡದ್ದಾಗಿದೆ. ಅದನ್ನೇ ಉಳಿಸಿಕೊಳ್ಳುವುದು ಉಚಿತ.

ಹಾಗಾದರೆ ಪೂರ್ಣಪದಕ್ಕೆ ಯಾವ ರೂಪ? ಶಾಸನ ಹಾಗೂ ಸುತ್ತೋಲೆಗಳ ಅನುವಾದದಲ್ಲಿ ಮೂಲದೊಂದಿಗೆ ತಾಳೆನೋಡುವ ಸೌಕರ್ಯಕ್ಕಾಗಿ ‘ಡಾಲ್ಫಿನೇರಿಯಂ’ ಎಂಬ ಲಿಪ್ಯಂತರವೇ ಇರಲಿ. ಬಹುವಚನ ‘ಡಾಲ್ಫಿನೇರಿಯಂಗಳು’, ಸಪ್ತಮಿ ‘ಡಾಲ್ಫಿನೇರಿಯಮ್ಮಿನಲ್ಲಿ’ ಎಂದು ಕನ್ನಡದ ಕ್ರಮದಲ್ಲಿಯೇ ನಡೆಯಲಿ. ಆದರೆ ಮೊದಲ ಬಳಕೆಯಲ್ಲಿ ಅದಕ್ಕೊಂದು ಕನ್ನಡ ವಿವರಣೆ ಅಗತ್ಯ. ‘ಡಾಲ್ಫಿನ್ ಕೊಳ’ ಸರಳವಾದರೂ ಕೊಳ ಸಹಜ ಜಲಾಶಯವೂ ಆಗಬಹುದು. ‘ಡಾಲ್ಫಿನ್ ಸೆರೆಗೊಳ’ ಆ ದೋಷವನ್ನು ನೀಗುತ್ತದೆ. ಆದರೆ ಕೆಲವು ದೇಶಗಳಲ್ಲಿ ಕೊಳ ಕಟ್ಟದೆ ಕಡಲಿನ ಭಾಗವನ್ನೇ ಬಲೆಯಿಂದ ಸುತ್ತುವರಿದು ಡಾಲ್ಫಿನ್ ಇರಿಸುವ ಕ್ರಮವೂ ಉಂಟು. ಆದ್ದರಿಂದ ‘ಡಾಲ್ಫಿನ್ ಸೆರೆನೆಲೆ’ ಹೆಚ್ಚು ಸೂಕ್ತವೆಂದು ತೋರುತ್ತದೆ. ತೀರಕ್ಕೆ ಬಿದ್ದ ಗಾಯಾಳು ಪ್ರಾಣಿಯನ್ನು ಉಪಚರಿಸಿ ಮರಳಿ ಬಿಡುವ ತಾತ್ಕಾಲಿಕ ತೊಟ್ಟಿಗೆ ಈ ಪದ ಸಲ್ಲದು, ಅದು ‘ಆರೈಕೆಗೊಳ’.

ಕೋಶಕಾರನು ತೀರ್ಪುಗಾರನಾಗಬಾರದು, ‘ಸೆರೆ’ ಎಂಬ ಪದದಲ್ಲಿ ಖಂಡನೆ ಅಡಗಿದೆ ಎಂಬ ಆಕ್ಷೇಪ ಬರಬಹುದು. ಆಕ್ಷೇಪ ತೂಕವುಳ್ಳದ್ದು. ಆದರೆ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯೇ ಮೃಗಾಲಯವನ್ನು ವಿವರಿಸುವಾಗ ಸಾರ್ವಜನಿಕ ಪ್ರದರ್ಶನಕ್ಕಾಗಿ ಇರಿಸಿದ ‘ಸೆರೆಪ್ರಾಣಿ’ಗಳ ಮಾತನ್ನಾಡುತ್ತದೆ. ಸೆರೆ ಇಲ್ಲಿ ನಿಂದೆಯಲ್ಲ, ವಸ್ತುಸ್ಥಿತಿ. ಅದು ಸರಿಯೇ ತಪ್ಪೇ ಎಂಬುದನ್ನು ಓದುಗನು ನಿರ್ಣಯಿಸಲಿ. ಆದರೆ ನಿರ್ಣಯಿಸಬೇಕಾದ ಸಂಗತಿಯೊಂದು ಅಲ್ಲಿದೆ ಎಂಬುದನ್ನು ಪದವು ಮರೆಮಾಡಬಾರದು.

ಡಾಲ್ಫಿನ್ ಶಬ್ದವನ್ನು ಹೊರಡಿಸಿ ಅದರ ಮರುದನಿಯಿಂದ ತನ್ನ ಸುತ್ತಲನ್ನು ಅರಿಯುವ ಜೀವಿ. ವಿಶಾಲ ಕಡಲಿನಲ್ಲಿ ಆ ದನಿ ಮೀನಿನ ಹಿಂಡನ್ನೋ ಬಂಡೆಯನ್ನೋ ಮುಟ್ಟಿ ಮರಳುತ್ತದೆ. ತೊಟ್ಟಿಯಲ್ಲಿ ಮತ್ತೆ ಮತ್ತೆ ಅದೇ ಗೋಡೆಯಿಂದ. ಕಾರವಾರದ ಕಡಲಲ್ಲಿ ದೋಣಿಯಿಂದ ಡಾಲ್ಫಿನ್ ಕಂಡುಬಂದವರು ‘ಡಾಲ್ಫಿನ್ ಕಂಡಿತು’ ಎನ್ನುತ್ತಾರೆ. ಡಾಲ್ಫಿನೇರಿಯಮ್ಮಿಗೆ ಹೋದವರು ‘ಡಾಲ್ಫಿನ್ ತೋರಿಸಿದರು’ ಎನ್ನಬೇಕಾಗುತ್ತದೆ. ಪದಕೋಶದ ವಿವರಣೆ ಎಷ್ಟೇ ದೀರ್ಘವಾಗಿರಲಿ, ಈ ಎರಡು ಕ್ರಿಯಾಪದಗಳ ನಡುವಿನ ವ್ಯತ್ಯಾಸವನ್ನು ಅದು ಉಳಿಸಿಕೊಂಡರೆ ಸಾಕು.