ತೊಗರಿ ಕಲಿಸಿದ ಪಾಠ

ಬೀದರ್‌ನ ಗಾಂಧಿ ಗಂಜ್‌ನಲ್ಲಿ ಬೋಣಿಯ ನೋಟನ್ನು ಕಣ್ಣಿಗೊತ್ತಿಕೊಳ್ಳದ ಅಂಗಡಿ ಹುಡುಕುವುದು ಕಷ್ಟ. ಯಾವತ್ತೋ ಒಂದು ದಿನ ಬೋಣಿಯೂ ಚೆನ್ನಾಗಿತ್ತು, ಸಂಜೆಯ ಗಲ್ಲಾವೂ ತುಂಬಿತ್ತು. ಎರಡಕ್ಕೂ ಗಂಟು ಬಿತ್ತು. ಬೋಣಿ ಚೆನ್ನಾಗಿದ್ದೂ ವ್ಯಾಪಾರ ಕೆಟ್ಟ ದಿನಗಳ ಲೆಕ್ಕ ಯಾರೂ ಇಡುವುದಿಲ್ಲ.

ಈ ಗಂಟನ್ನು ಅಮೆರಿಕದ ಮನೋವಿಜ್ಞಾನಿ ಬಿ.ಎಫ್. ಸ್ಕಿನ್ನರ್ ಪಾರಿವಾಳಗಳಲ್ಲಿ ಕಂಡ. 1948ರಲ್ಲಿ ಪ್ರಕಟವಾದ ಅವನ ಪ್ರಯೋಗದಲ್ಲಿ ಹಸಿದ ಹಕ್ಕಿಗಳಿಗೆ, ಅವು ಏನೇ ಮಾಡಲಿ ಬಿಡಲಿ, ಹೊತ್ತುಹೊತ್ತಿಗೆ ಕಾಳು ಸಿಗುತ್ತಿತ್ತು. 8ರಲ್ಲಿ 6 ಹಕ್ಕಿಗಳು ತಮ್ಮದೇ ವ್ರತ ಹಿಡಿದವು. ಒಂದು ಗೂಡಿನೊಳಗೆ ಗಿರಗಿರ ಸುತ್ತಿತು, ಇನ್ನೊಂದು ಮೂಲೆಯತ್ತ ಕತ್ತು ಚಾಚಿತು. ಕಾಳು ಬಂದ ಗಳಿಗೆಯಲ್ಲಿ ಮಾಡುತ್ತಿದ್ದುದೇ ಗಟ್ಟಿಯಾಯಿತು ಎಂಬುದು ಸ್ಕಿನ್ನರ್‌ನ ವಾದ. ಮುಂದೆ ಬೇರೆಯವರು ಅದನ್ನು ಪ್ರಶ್ನಿಸಿದರು, ಅದಿರಲಿ.

ಬೋಣಿಯಿಂದ ಯಾರಿಗೂ ನಷ್ಟವಿಲ್ಲ. ತೊಗರಿಯ ಕತೆ ಹಾಗಲ್ಲ. 2015ರಲ್ಲಿ ತೊಗರಿ ಬೇಳೆ ಕಿಲೋಗೆ 200 ರೂಪಾಯಿ ಮುಟ್ಟಿತು. ಮರುವರ್ಷದ ಮುಂಗಾರಿಗೆ ದೇಶವೇ ತೊಗರಿ ಬಿತ್ತಿತು. 2015-16ರಲ್ಲಿ ಸುಮಾರು 25 ಲಕ್ಷ ಟನ್ ಇದ್ದ ಉತ್ಪಾದನೆ 2016-17ರಲ್ಲಿ 48 ಲಕ್ಷ ಟನ್ ದಾಟಿತು. ಅದೇ 2016ರಲ್ಲಿ ಕೇಂದ್ರ ಸರ್ಕಾರ ಮೊಜಾಂಬಿಕ್‌ನಿಂದ ಬೇಳೆಕಾಳು ತರಿಸುವ ಒಪ್ಪಂದವನ್ನೂ ಮಾಡಿಕೊಂಡಿತ್ತು. ರಾಶಿ ಮುಗಿಯುವಷ್ಟರಲ್ಲಿ ಭಾವ ಕ್ವಿಂಟಲ್‌ಗೆ 5,050 ರೂಪಾಯಿಯ ಬೆಂಬಲ ಬೆಲೆಗಿಂತ ಕೆಳಗೆ.

ರೈತ ಕುರಿಮಂದೆಯಂತೆ ನುಗ್ಗಿದ ಎಂದು ಪೇಟೆಯ ಜನ ಸಲೀಸಾಗಿ ಅಂದುಬಿಡುತ್ತಾರೆ. ನನಗದು ಒಪ್ಪಿಗೆಯಿಲ್ಲ. ಕೆಲಸ ಮಾಡಿದ ಕೂಡಲೇ ಫಲ ಸಿಕ್ಕರೆ ಕಲಿಕೆ ನೆಟ್ಟಗಾಗುತ್ತದೆ. ತಡವಾದಷ್ಟೂ ಯಾವುದಕ್ಕೆ ಯಾವುದು ಕಾರಣ ಎಂಬುದೇ ಕಲಸಿಹೋಗುತ್ತದೆ. ಸ್ಕಿನ್ನರ್‌ನ ಇನ್ನೊಂದು ಪ್ರಯೋಗದ ಪೆಟ್ಟಿಗೆಯಲ್ಲಿ ಇಲಿ ಸನ್ನೆಕೋಲು ಒತ್ತಿದೊಡನೆ ತಿನಿಸು ಬೀಳುತ್ತಿತ್ತು. ತೊಗರಿಯನ್ನು ಜೂನ್‌ನಲ್ಲಿ ಬಿತ್ತಿದರೆ ದುಡ್ಡು ಕಾಣುವುದು ಡಿಸೆಂಬರ್ ಕಳೆದ ಮೇಲೆ. ನಡುವೆ ಮಳೆ, ಕಾಯಿಕೊರಕ, ಆಮದಿನ ಆದೇಶ. ಬಿತ್ತುವವನ ಕೈಯಲ್ಲಿರುವುದು ಹೋದ ವರ್ಷದ ಭಾವ ಒಂದೇ. ಅದನ್ನೇ ಅವನು ನಂಬಿದ.

ಔರಾದ್, ಭಾಲ್ಕಿಯ ಹೊಲಗಳಿಗೆ ಸೋಯಾ ಇಷ್ಟು ಬೇಗ ಒಗ್ಗಿದ್ದಕ್ಕೂ ಇದೇ ಸೂತ್ರ ಅರ್ಧ ಉತ್ತರ ಕೊಡುತ್ತದೆ. ಸುಮಾರು ನೂರು ದಿನದ ಬೆಳೆ. ದೀಪಾವಳಿಗೆ ಮುಂಚೆ ಅಡತಿ ಅಂಗಡಿಯ ಪಟ್ಟಿ ಕೈಗೆ. ಆದರೆ ತೊಗರಿಯನ್ನು ಪೂರ್ತಿ ಬಿಟ್ಟವರು ಕಡಿಮೆ. ಸೋಯಾ ಸಾಲುಗಳ ನಡುವೆ ತೊಗರಿಯನ್ನೂ ಹಾಕುತ್ತಾರೆ: ಒಂದು ಹಬ್ಬದ ಖರ್ಚಿಗೆ, ಇನ್ನೊಂದು ಸಂಕ್ರಾಂತಿ ಹೊತ್ತಿನ ಸಾಲದ ಕಂತಿಗೆ.