ವಾಗ್ಗೇಯ ರಚನೆ: ಹಾಡು ಕಟ್ಟುವ ಕ್ರಮ ಮತ್ತು ಹಾಸನ ಜಿಲ್ಲೆಯ ಪರಂಪರೆ

ಹಾಸನ ಜಿಲ್ಲೆಯು ಶಿಲ್ಪಕಲೆಗೆ ಹೆಸರಾಗಿರುವಂತೆಯೇ ಸಂಗೀತಕ್ಕೂ ಹೆಸರಾಗಿದೆ. ಕಚೇರಿಯಲ್ಲಿ ಕೇಳುವ ಕೃತಿಯಾಗಲಿ, ಮದುವೆಯ ಚಪ್ಪರದಲ್ಲಿ ಕೇಳುವ ಸೋಬಾನೆಯಾಗಲಿ ತಾನಾಗಿ ಹುಟ್ಟಿದ್ದಲ್ಲ. ಯಾರೋ ಒಬ್ಬರು ಒಂದು ಕ್ರಮವನ್ನು ಅನುಸರಿಸಿ ಅದನ್ನು ಕಟ್ಟಿರುತ್ತಾರೆ. ಆ ಕ್ರಮವನ್ನು ಸಾರ್ವಜನಿಕರಿಗೂ ಸಂಗೀತ ಕಲಿಯುವ ವಿದ್ಯಾರ್ಥಿಗಳಿಗೂ ಸಂಕ್ಷಿಪ್ತವಾಗಿ ಪರಿಚಯಿಸುವುದು ಈ ಲೇಖನದ ಉದ್ದೇಶವಾಗಿದೆ.

ವಾಗ್ಗೇಯಕಾರ ಎಂದರೆ ಯಾರು?

ಸಾಹಿತ್ಯವನ್ನೂ ಅದರ ಸ್ವರವಿನ್ಯಾಸವನ್ನೂ ತಾನೇ ರಚಿಸುವವನು ವಾಗ್ಗೇಯಕಾರ. ‘ವಾಕ್’ ಎಂದರೆ ಮಾತು, ‘ಗೇಯ’ ಎಂದರೆ ಹಾಡತಕ್ಕದ್ದು. 13ನೇ ಶತಮಾನದಲ್ಲಿ ಶಾರ್ಙ್ಗದೇವನು ರಚಿಸಿದ ‘ಸಂಗೀತ ರತ್ನಾಕರ’ವು ಸಾಹಿತ್ಯ ಭಾಗವನ್ನು ‘ಮಾತು’ ಎಂದೂ ಸ್ವರ ಭಾಗವನ್ನು ‘ಧಾತು’ ಎಂದೂ ಕರೆಯುತ್ತದೆ. ಈ ಎರಡರಲ್ಲಿಯೂ ಸಮರ್ಥನಾದವನನ್ನೇ ಉತ್ತಮ ವಾಗ್ಗೇಯಕಾರನೆಂದು ಶಾಸ್ತ್ರವು ಪರಿಗಣಿಸಿದೆ.

ರುದ್ರಪಟ್ಟಣ: ಸಂಗೀತ ಗ್ರಾಮ

ಅರಕಲಗೂಡು ತಾಲ್ಲೂಕಿನಲ್ಲಿ ಕಾವೇರಿ ನದಿಯ ದಂಡೆಯ ಮೇಲಿರುವ ರುದ್ರಪಟ್ಟಣವು ಸಂಗೀತ ಗ್ರಾಮವೆಂದೇ ಪ್ರಸಿದ್ಧವಾಗಿದೆ. ವೇದಾಧ್ಯಯನ, ಕೃಷಿ ಮತ್ತು ಸಂಗೀತ ಮೂರನ್ನೂ ನಡೆಸಿಕೊಂಡು ಬಂದ ಸಂಕೇತಿ ಕುಟುಂಬಗಳು ಇಲ್ಲಿ ನೆಲೆಸಿವೆ. ಹಿರಿಯ ಗಾಯಕ ಆರ್.ಕೆ. ಶ್ರೀಕಂಠನ್ (1920–2014) ಅವರು ಈ ಗ್ರಾಮದವರು. ಆಕಾಶವಾಣಿಯಲ್ಲಿ ಮೂರು ದಶಕಗಳಿಗೂ ಹೆಚ್ಚು ಕಾಲ ಸೇವೆ ಸಲ್ಲಿಸಿದ ಇವರು ಕನ್ನಡ ಕೃತಿಗಳನ್ನು ಕಚೇರಿ ವೇದಿಕೆಯಲ್ಲಿ ಪ್ರಚಾರಕ್ಕೆ ತಂದರು. 1995ರಲ್ಲಿ ‘ಸಂಗೀತ ಕಲಾನಿಧಿ’ ಬಿರುದಿಗೂ 2011ರಲ್ಲಿ ಪದ್ಮಭೂಷಣ ಪ್ರಶಸ್ತಿಗೂ ಪಾತ್ರರಾದರು. ರುದ್ರಪಟ್ಟಣ ಸಹೋದರರೆಂದು ಖ್ಯಾತರಾದ ಆರ್.ಎನ್. ತ್ಯಾಗರಾಜನ್ ಮತ್ತು ಆರ್.ಎನ್. ತಾರಾನಾಥನ್ ಅವರೂ ಇದೇ ಪರಂಪರೆಗೆ ಸೇರಿದವರು. ವಿದ್ವಾನ್ ಆರ್.ಕೆ. ಪದ್ಮನಾಭ ಅವರ ಶ್ರಮದಿಂದ ಇಲ್ಲಿ ತಂಬೂರಿಯ ಆಕಾರದ ಸಪ್ತಸ್ವರ ದೇವತಾ ಧ್ಯಾನ ಮಂದಿರವು ನಿರ್ಮಾಣಗೊಂಡಿದೆ.

ರಾಗದ ಆಯ್ಕೆ

ಹಾಡಿನ ಭಾವಕ್ಕೆ ತಕ್ಕ ರಾಗವನ್ನು ಆರಿಸಿಕೊಳ್ಳುವುದು ರಚನೆಯ ಮೊದಲ ಹಂತಗಳಲ್ಲೊಂದು. ಷಡ್ಜ ಮತ್ತು ಪಂಚಮಗಳು ಸ್ಥಿರ ಸ್ವರಗಳು. ರಿಷಭ–ಗಾಂಧಾರಗಳ ಜೋಡಣೆ 6 ವಿಧ, ಧೈವತ–ನಿಷಾದಗಳ ಜೋಡಣೆ 6 ವಿಧ, ಮಧ್ಯಮ 2 ವಿಧ. ಇವುಗಳನ್ನು ಗುಣಿಸಿದಾಗ 72 ಮೇಳಗಳಾಗುತ್ತವೆ. 17ನೇ ಶತಮಾನದ ವೆಂಕಟಮಖಿಯು ‘ಚತುರ್ದಂಡಿ ಪ್ರಕಾಶಿಕೆ’ಯಲ್ಲಿ ಈ ಲೆಕ್ಕವನ್ನು ನಿರೂಪಿಸಿದ್ದಾನೆ.

ಆದರೆ ಆರೋಹಣ–ಅವರೋಹಣಗಳನ್ನು ತಿಳಿದ ಮಾತ್ರಕ್ಕೆ ರಚನೆ ಸಾಧ್ಯವಾಗದು. ರಾಗಕ್ಕೆ ಪ್ರಾಣದಂತಿರುವ ಜೀವಸ್ವರ, ಸಂಚಾರವನ್ನು ಆರಂಭಿಸುವ ಗ್ರಹಸ್ವರ, ನಿಲ್ಲಿಸುವ ನ್ಯಾಸಸ್ವರ ಹಾಗೂ ಗಮಕಗಳ ಅರಿವು ಅಗತ್ಯ. ಪಲ್ಲವಿಯ ಮೊದಲ ಸಾಲಿನಲ್ಲಿಯೇ ರಾಗವು ಕೇಳುಗರಿಗೆ ನಿಸ್ಸಂದೇಹವಾಗಿ ಗೊತ್ತಾಗಬೇಕೆಂಬುದು ಹಿರಿಯರ ಅಭಿಪ್ರಾಯ.

ತಾಳದ ಲೆಕ್ಕ

ತಾಳವು ಜಮಾ–ಖರ್ಚಿನ ಪುಸ್ತಕವಿದ್ದಂತೆ. ಕೊನೆಯಲ್ಲಿ ಲೆಕ್ಕ ತಾಳೆಯಾಗಲೇಬೇಕು. ಆದಿತಾಳದಲ್ಲಿ 4+2+2, ಅಂದರೆ 8 ಅಕ್ಷರಗಳಿವೆ. ಅಕ್ಷರಕ್ಕೆ 4 ಮಾತ್ರೆಯಂತೆ ಒಂದು ಆವರ್ತಕ್ಕೆ 32 ಮಾತ್ರೆಗಳಾಗುತ್ತವೆ. ಹಾಡು ತಾಳದೊಡನೆಯೇ ಆರಂಭವಾದರೆ ಸಮ, ತಾಳಕ್ಕಿಂತ ಮೊದಲೇ ಆರಂಭವಾದರೆ ಅತೀತ, ತಾಳ ಆರಂಭವಾದ ನಂತರ ಹಾಡು ಬಂದರೆ ಅನಾಗತ ಎನ್ನುತ್ತಾರೆ.

ಚಿಟ್ಟೆಸ್ವರದ ಕೊನೆಯಲ್ಲಿ ಒಂದೇ ಸ್ವರಗುಚ್ಛವನ್ನು ಮೂರು ಬಾರಿ ಹೇಳಿ ಮುಗಿಸುವ ಮುಕ್ತಾಯವನ್ನು ಉದಾಹರಣೆಯಾಗಿ ತೆಗೆದುಕೊಳ್ಳಬಹುದು. ಗುಚ್ಛವು 8 ಮಾತ್ರೆಯದಾಗಿದ್ದು ನಡುವೆ ಎರಡು ಕಡೆ 4 ಮಾತ್ರೆಗಳ ಬಿಡುವು ಕೊಟ್ಟರೆ 24+8=32 ಆಗಿ ಒಂದು ಆವರ್ತ ಸರಿಯಾಗಿ ತುಂಬುತ್ತದೆ. ಪಲ್ಲವಿಯು ಸಮದಿಂದ ಅರ್ಧ ಅಕ್ಷರ ಬಿಟ್ಟು ಆರಂಭವಾಗುವುದಾದರೆ ಇನ್ನೂ 2 ಮಾತ್ರೆ, ಒಟ್ಟು 34 ಬೇಕು. ಆಗ 10 ಮಾತ್ರೆಯ ಗುಚ್ಛಕ್ಕೆ 2 ಮಾತ್ರೆಗಳ ಎರಡು ಬಿಡುವು ಹೊಂದುತ್ತದೆ (30+4=34). ಕೇಳುಗರಿಗೆ ಲೆಕ್ಕ ತಿಳಿಯದಿದ್ದರೂ ಅದು ತಾಳೆಯಾದ ಸಂತೋಷ ತಿಳಿಯುತ್ತದೆ.

ಸಾಹಿತ್ಯದ ನಿಯಮಗಳು

ಕೃತಿಯಲ್ಲಿ ಸಾಮಾನ್ಯವಾಗಿ ಪಲ್ಲವಿ, ಅನುಪಲ್ಲವಿ ಮತ್ತು ಚರಣ ಎಂಬ ಮೂರು ಅಂಗಗಳಿರುತ್ತವೆ. ಪಲ್ಲವಿಯು ವಿಷಯವನ್ನು ಸೂಚಿಸುತ್ತದೆ, ಅನುಪಲ್ಲವಿಯು ಅದನ್ನು ಮುಂದುವರಿಸುತ್ತದೆ, ಚರಣವು ವಿಸ್ತರಿಸುತ್ತದೆ. ರಚನೆಯಲ್ಲಿ ಗಮನಿಸುವ ಮುಖ್ಯ ಅಂಶಗಳು ಈ ಕೆಳಕಂಡಂತಿವೆ:

1. ಪ್ರಾಸ: ಸಾಲುಗಳ ಎರಡನೆಯ ಅಕ್ಷರದಲ್ಲಿ ಒಂದೇ ವ್ಯಂಜನ ಬರುವುದು. ‘ಹೊಳೆ’, ‘ಮಳೆ’, ‘ಬೆಳೆ’ ಇವು ಪರಸ್ಪರ ಹೊಂದುತ್ತವೆ. ‘ಬಾಳೆ’ ಎಂಬುದು ಇವುಗಳೊಡನೆ ಸೇರದು. ಏಕೆಂದರೆ ಅದರ ಮೊದಲ ಅಕ್ಷರ ದೀರ್ಘವಾಗಿದೆ. ಇದು ಹಳೆಗನ್ನಡ ಕಾವ್ಯದ ಆದಿಪ್ರಾಸ ನಿಯಮವೇ ಆಗಿದೆ. ಚನ್ನರಾಯಪಟ್ಟಣ ತಾಲ್ಲೂಕಿನ ಶ್ರವಣಬೆಳಗೊಳದಲ್ಲಿ ಸುಮಾರು 1180ರಲ್ಲಿ ಬೊಪ್ಪಣ ಪಂಡಿತನು ರಚಿಸಿದ ಗೊಮ್ಮಟಸ್ತುತಿಯ ಪದ್ಯಶಾಸನವೂ ಇದನ್ನು ಪಾಲಿಸಿದೆ.

2. ಅಕ್ಷರಕಾಲ: ದೀರ್ಘಾಕ್ಷರಕ್ಕೆ ದೀರ್ಘಸ್ವರ, ಹ್ರಸ್ವಕ್ಕೆ ಹ್ರಸ್ವಸ್ವರ ಬರುವುದು ಸಹಜ. ತಾಳಕ್ಕಾಗಿ ಪದವನ್ನು ನಡುವೆ ತುಂಡರಿಸಿದರೆ ಅರ್ಥ ಕೆಡುತ್ತದೆ.

3. ಸ್ವರಾಕ್ಷರ: ಸಾಹಿತ್ಯದ ಅಕ್ಷರವೂ ಹಾಡುವ ಸ್ವರವೂ ಒಂದೇ ಆಗಿರುವ ಚಮತ್ಕಾರ. ‘ಪದ’ ಎಂಬ ಮಾತನ್ನು ಪ, ದ ಸ್ವರಗಳಲ್ಲಿ, ‘ನಿಗಮ’ ಎಂಬುದನ್ನು ನಿ, ಗ, ಮ ಸ್ವರಗಳಲ್ಲಿ ಹಾಡಿದಂತೆ.

4. ಸಂಗತಿ: ಒಂದೇ ಸಾಲನ್ನು ಹಂತಹಂತವಾಗಿ ಬೆಳೆಸಿ ಹಾಡುವುದು. ಸರಳವಾದುದು ಮೊದಲು, ಸಂಕೀರ್ಣವಾದುದು ನಂತರ ಬರಬೇಕು.

5. ಅಂಕಿತ: ರಚನಕಾರನ ಗುರುತು. ಪುರಂದರದಾಸರದು ‘ಪುರಂದರವಿಠಲ’, ವಾದಿರಾಜರದು ‘ಹಯವದನ’, ಮೈಸೂರು ವಾಸುದೇವಾಚಾರ್ಯರದು (1865–1961) ‘ವಾಸುದೇವ’. ಜಯಚಾಮರಾಜೇಂದ್ರ ಒಡೆಯರ್ ಅವರು ತಮ್ಮ 94 ಕೃತಿಗಳಲ್ಲಿ ‘ಶ್ರೀವಿದ್ಯಾ’ ಎಂಬ ಅಂಕಿತವನ್ನು ಬಳಸಿದ್ದಾರೆ.

ಜನಪದರ ರಚನಾ ವಿಧಾನ

ಹಾಸನ, ಹೊಳೆನರಸೀಪುರ, ಅರಕಲಗೂಡು ಮತ್ತು ಚನ್ನರಾಯಪಟ್ಟಣ ತಾಲ್ಲೂಕುಗಳ ಗ್ರಾಮಗಳಲ್ಲಿ ಹಾಡು ಕಟ್ಟುವ ಮತ್ತೊಂದು ಕ್ರಮವಿದೆ. ಇಲ್ಲಿ ಧಾಟಿ ಮೊದಲು, ಮಾತು ಆಮೇಲೆ. ಕೆಲವೇ ಸ್ವರಗಳ ವ್ಯಾಪ್ತಿಯಲ್ಲಿರುವ ಒಂದು ಸಿದ್ಧ ಧಾಟಿಗೆ ಸಂದರ್ಭಕ್ಕೆ ತಕ್ಕ ಸಾಲುಗಳನ್ನು ಸೇರಿಸುತ್ತ ಹೋಗುತ್ತಾರೆ. ರಾಗಿ ಬೀಸುವ ಪದದ ನಡೆಯನ್ನು ಬೀಸುವ ಕಲ್ಲಿನ ಸುತ್ತು ನಿರ್ಧರಿಸುತ್ತದೆ. ಕೋಲಾಟದ ಪದಕ್ಕೆ ಕೋಲುಗಳ ಹೊಡೆತವೇ ತಾಳ. ಸೋಬಾನೆಯಲ್ಲಿ ಒಬ್ಬರು ಹೇಳಿಕೊಟ್ಟು ಉಳಿದವರು ಸೊಲ್ಲು ಹಿಡಿಯುತ್ತಾರೆ. ಆ ಬಿಡುವಿನಲ್ಲಿ ಮುಂದಾಳು ಮುಂದಿನ ಸಾಲನ್ನು ಕಟ್ಟಿಕೊಳ್ಳುತ್ತಾಳೆ. ಶಾಸ್ತ್ರದ ಹೆಸರುಗಳಿಲ್ಲದಿದ್ದರೂ ಇಲ್ಲಿಯೂ ಧಾತು–ಮಾತುಗಳೆರಡೂ ಇವೆ ಎಂಬುದು ಗಮನಾರ್ಹ.

ಧಾಟಿಯ ಸಂರಕ್ಷಣೆ

ಹರಿದಾಸರ ಪದಗಳು ತಾಳೆಗರಿಯಲ್ಲಿಯೂ ಕಾಗದದಲ್ಲಿಯೂ ಉಳಿದು ನಮ್ಮ ಕೈಸೇರಿವೆ. ಆದರೆ ಅವುಗಳ ಮೂಲ ಧಾಟಿಗಳು ಬಹುಮಟ್ಟಿಗೆ ಕಳೆದುಹೋಗಿವೆ. ಇಂದು ನಾವು ಕೇಳುವ ಅನೇಕ ದೇವರನಾಮಗಳಿಗೆ ನಂತರದ ವಿದ್ವಾಂಸರು ರಾಗ ಸಂಯೋಜಿಸಿದ್ದಾರೆ. ಬರೆದಿಟ್ಟ ಮಾತು ಉಳಿಯಿತು, ಬರೆಯದ ಧಾತು ಹೋಯಿತು.

ಸ್ವರಲಿಪಿಯು ಈ ನಷ್ಟವನ್ನು ತಡೆಯುವ ಸಾಧನವಾಗಿದೆ. ಮೇಲೆ ಚುಕ್ಕಿಯಿದ್ದರೆ ತಾರಸ್ಥಾಯಿ, ಕೆಳಗಿದ್ದರೆ ಮಂದ್ರಸ್ಥಾಯಿ. ಸ್ವರದ ಮೇಲಿನ ಒಂದು ಗೆರೆ ಎರಡನೆಯ ಕಾಲವನ್ನೂ ಎರಡು ಗೆರೆ ಮೂರನೆಯ ಕಾಲವನ್ನೂ ಸೂಚಿಸುತ್ತವೆ. ಆದರೆ ಗಮಕವನ್ನು ಲಿಪಿಯು ಪೂರ್ಣವಾಗಿ ಹಿಡಿಯಲಾರದು. ಆದುದರಿಂದ ಗುರುಮುಖೇನ ಕಲಿಕೆ ಮತ್ತು ಧ್ವನಿಮುದ್ರಣ ಎರಡೂ ಅವಶ್ಯಕ.

ಸಾರ್ವಜನಿಕರು ತಮ್ಮ ಮನೆಯ ಹಿರಿಯರಿಗೆ ತಿಳಿದಿರುವ ಹಾಡುಗಳ ಸಾಹಿತ್ಯವನ್ನು ಬರೆದುಕೊಳ್ಳುವುದರೊಂದಿಗೆ ಅವರ ಧ್ವನಿಯಲ್ಲಿಯೇ ಪೂರ್ತಿಯಾಗಿ ಮುದ್ರಿಸಿಕೊಳ್ಳುವುದು ಒಳಿತು. ಹಾಡಿದವರ ಹೆಸರು, ಊರು, ದಿನಾಂಕ, ಹಾಡುವ ಸಂದರ್ಭ ಮತ್ತು ಯಾರಿಂದ ಕಲಿತರೆಂಬ ವಿವರವನ್ನೂ ಬರೆದಿಡಬೇಕು. ಸಾಲು ಮರೆತಲ್ಲಿ ಮುದ್ರಣವನ್ನು ನಿಲ್ಲಿಸದೆ ಧಾಟಿಯನ್ನಾದರೂ ಮುಂದುವರಿಸುವಂತೆ ಕೋರಬೇಕು. ಬಿಟ್ಟುಹೋದ ಮಾತನ್ನು ನೆರೆಯೂರಿನ ಮತ್ತೊಬ್ಬರು ನೆನಪಿಸಿಕೊಟ್ಟಾರು. ಧಾಟಿ ಗೊತ್ತಿರುವ ಕೊನೆಯ ಕಂಠ ನಿಂತ ನಂತರ ಅದನ್ನು ಮರಳಿ ತರುವುದು ಯಾರಿಂದಲೂ ಆಗದು.