ಒಳ್ಳೇ ಗಡ್ಡೆ ಮಾರುಕಟ್ಟೆಗೆ, ಉಳಿದದ್ದು ಮನೆಗಾ? ಆಲೂಗಡ್ಡೆ ಸೂಪ್ ಕಲಿಸಿದ ಪಾಠ

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ಕಡೆ ಯಾವ ರೈತರ ಮನೆಗೆ ಹೋದರೂ ಮುಂಗಾರಿನ ಆಲೂಗಡ್ಡೆ ಬಗ್ಗೆ ಒಂದು ಕಥೆ ಇರುತ್ತೆ. ಜಲಂಧರ್‌ನಿಂದ ಬರುವ ಬಿತ್ತನೆ ಗಡ್ಡೆಯ ಬೆಲೆ, ಮೋಡ ಮುಸುಕಿದ ತಕ್ಷಣ ಹರಡುವ ಅಂಗಮಾರಿ, ಕಿತ್ತ ಮೇಲೆ ಸಿಗದ ರೇಟು. ಇವನ್ನೆಲ್ಲ ಆಗಾಗ ಮಾತಾಡ್ತೀವಿ. ಇವತ್ತು ಬೇರೆ ಪ್ರಶ್ನೆ: ಇಷ್ಟು ಕಷ್ಟಪಟ್ಟು ಬೆಳೆದ ನಾವು ತಿನ್ನೋದು ಯಾವ ಗಡ್ಡೆ?

ನಮ್ಮನೆ ಕಥೆ ಹೇಳ್ತೀನಿ. ನಮ್ಮದು ಒಂದೂವರೆ ಎಕರೆ ಕುಫ್ರಿ ಜ್ಯೋತಿ. ಕಿತ್ತಾಗ ದಪ್ಪ, ದುಂಡನೆ ಗಡ್ಡೆಯೆಲ್ಲ ಚೀಲ ಸೇರೋದು. ಗುದ್ದಲಿ ತಾಗಿದ್ದು, ಗೋಲಿ ಗಾತ್ರದ್ದು, ಬಿಸಿಲು ಬಿದ್ದು ಹಸಿರಾದದ್ದು ಅಡುಗೆಮನೆ ಮೂಲೆಗೆ. ಅಪ್ಪನ ಕಾಲದಿಂದ ಇದೇ ಪದ್ಧತಿ. ಎರಡು ವರ್ಷದ ಹಿಂದೆ ಒಂದು ರಾತ್ರಿ ಪಲ್ಯ ತಿಂದ ನನ್ನ ತಂಗಿ ಮಗನಿಗೆ ವಾಂತಿ, ಹೊಟ್ಟೆನೋವು ಶುರುವಾಯ್ತು. ಡಾಕ್ಟರ್ ಕೇಳಿದ ಮೊದಲ ಪ್ರಶ್ನೆ, "ಹಸಿರಾದ ಆಲೂಗಡ್ಡೆ ತಿಂದಿದ್ರಾ?" ಅಮ್ಮ ತಲೆ ತಗ್ಗಿಸಿದ್ರು. ಮಗು ಮಾರನೇ ದಿನ ಚೇತರಿಸಿಕೊಂಡ. ಆದರೆ ಆ ಪ್ರಶ್ನೆ ನನ್ನ ತಲೆಯಿಂದ ಹೋಗಿಲ್ಲ.

ಹಸಿರು ಗಡ್ಡೆ ಯಾಕೆ ಬೇಡ?

ಬೆಳಕು ಬಿದ್ದಾಗ ಗಡ್ಡೆ ಹಸಿರಾಗುತ್ತೆ. ಆ ಬಣ್ಣ ಎಲೆಯಲ್ಲಿರೋ ಹಸಿರೇ, ಅದರಿಂದ ತೊಂದರೆ ಇಲ್ಲ. ಆದರೆ ಅದರ ಜೊತೆಗೇ ಸೊಲನೈನ್ ಎಂಬ ವಿಷವೂ ಹೆಚ್ಚುತ್ತೆ. ಸಿಪ್ಪೆಯಲ್ಲಿ, ಮೊಳಕೆಯಲ್ಲಿ ಅದು ಜಾಸ್ತಿ. ಬೇಯಿಸಿದರೆ ಹೋಗುತ್ತೆ ಅನ್ನೋದು ತಪ್ಪು. ಒಂದು ಕಡೆ ಸ್ವಲ್ಪ ಹಸಿರಿದ್ದರೆ ದಪ್ಪವಾಗಿ ಕೆತ್ತಿ ತೆಗೆಯಿರಿ. ಪೂರ್ತಿ ಹಸಿರಾಗಿದ್ದರೆ, ಬಾಯಿಗಿಟ್ಟಾಗ ಕಹಿ ಅನ್ನಿಸಿದರೆ ಬಿಸಾಡಿ. ಹಸುವಿಗೂ ಹಾಕಬೇಡಿ, ಅದಕ್ಕೂ ವಿಷವೇ.

ತಡೆಯೋ ಕೆಲಸ ಹೊಲದಲ್ಲೇ ಶುರು. ಮಳೆಗೆ ಬದು ಕೊಚ್ಚಿ ಗಡ್ಡೆ ಹೊರಗೆ ಕಾಣಿಸಿದರೆ ತಕ್ಷಣ ಮಣ್ಣು ಏರಿಸಿ. ಕಿತ್ತ ಗಡ್ಡೆಯನ್ನು ಬಿಸಿಲಲ್ಲಿ ಗುಡ್ಡೆ ಹಾಕಿ ಬಿಡಬೇಡಿ.

ಸೂಪ್ ಎಲ್ಲಿಂದ ಬಂತು?

ಅಮೆರಿಕದ ಪೆನ್ಸಿಲ್ವೇನಿಯಾ, ಒಹಾಯೊ ಕಡೆ ಆಮಿಶ್ ಅನ್ನೋ ಜನ ಇದ್ದಾರೆ. ಅವರಲ್ಲಿ ಹಲವರು ಇವತ್ತಿಗೂ ಕುದುರೆ ಕಟ್ಟಿ ಉಳುಮೆ ಮಾಡ್ತಾರೆ. ಅವರ ಮನೆಗಳಲ್ಲಿ ಆಲೂಗಡ್ಡೆ ಸೂಪ್ ಮಾಮೂಲಿ ಊಟ. ವಿಡಿಯೋದಲ್ಲಿ ನೋಡಿದಾಗ ನನಗೆ ಹೊಳೆದದ್ದು ಒಂದೇ: ಆಲೂಗಡ್ಡೆ, ಈರುಳ್ಳಿ, ಹಾಲು, ಬೆಣ್ಣೆ, ಮೊಟ್ಟೆ. ಇದರಲ್ಲಿ ಪೇಟೆಯಿಂದ ತರಬೇಕಾದದ್ದು ಏನಿದೆ? ಬೆಳಿಗ್ಗೆ ಡೇರಿಗೆ ಹಾಲು ಹಾಕೋ ನಮ್ಮ ಮನೆಗಳಲ್ಲಿ ಇವೆಲ್ಲ ಇದ್ದೇ ಇರುತ್ತೆ.

ಬೇಕಾಗುವುದು (4 ಜನಕ್ಕೆ)

- ಆಲೂಗಡ್ಡೆ: ಅರ್ಧ ಕೆಜಿ. ಸಣ್ಣದಾದರೂ ಸರಿ, ಗಟ್ಟಿಯಾಗಿ, ಹಸಿರಿಲ್ಲದೆ ಇರಬೇಕು
- ಈರುಳ್ಳಿ: 2
- ಹಾಲು: ಅರ್ಧ ಲೀಟರ್
- ಬೆಣ್ಣೆ: 2 ಚಮಚ
- ಗೋಧಿ ಅಥವಾ ಮೈದಾ ಹಿಟ್ಟು: ಅರ್ಧ ಕಪ್
- ಮೊಟ್ಟೆ: 1
- ಕೊತ್ತಂಬರಿ ಕಡ್ಡಿ, ಕಾಳುಮೆಣಸಿನ ಪುಡಿ, ಉಪ್ಪು

ಮಾಡೋ ವಿಧಾನ

1. ಬೆಣ್ಣೆಯಲ್ಲಿ ಹೆಚ್ಚಿದ ಈರುಳ್ಳಿಯನ್ನು ಮೆತ್ತಗಾಗುವವರೆಗೆ ಬಾಡಿಸಿ, ಕೆಂಪಗಾಗೋದು ಬೇಡ. ಅವರು ಸೆಲರಿ ಹಾಕ್ತಾರೆ, ನಾವು ಕೊತ್ತಂಬರಿ ಕಡ್ಡಿ ಹಾಕೋಣ.
2. ಸಿಪ್ಪೆ ತೆಗೆದು ಸಣ್ಣಗೆ ಹೆಚ್ಚಿದ ಆಲೂಗಡ್ಡೆ, 3 ಲೋಟ ನೀರು, ಉಪ್ಪು ಸೇರಿಸಿ ಬೇಯಿಸಿ. ಬೆಂದ ಮೇಲೆ ಅರ್ಧದಷ್ಟನ್ನು ಸೌಟಿನಲ್ಲೇ ಮಸೆಯಿರಿ. ಸೂಪ್ ಗಟ್ಟಿಯಾಗೋದು ಇದರಿಂದಲೇ.
3. ಹಿಟ್ಟಿಗೆ ಮೊಟ್ಟೆ ಒಡೆದು ಹಾಕಿ, ಬೆರಳಲ್ಲಿ ಉಜ್ಜಿ ಕಡಲೆಕಾಳಿನಷ್ಟು ಉದುರು ಮಾಡಿ. ಕುದಿಯುವ ಸೂಪಿಗೆ ಸ್ವಲ್ಪ ಸ್ವಲ್ಪವೇ ಉದುರಿಸಿ, 7–8 ನಿಮಿಷ ಬೇಯಿಸಿ. ಮೊಟ್ಟೆ ತಿನ್ನದವರು ಹಿಟ್ಟಿಗೆ ಒಂದಿಷ್ಟು ತುಪ್ಪ, ಹಾಲು ಹಾಕಿ ಉದುರು ಮಾಡ್ಕೊಳ್ಳಿ.
4. ಉರಿ ತಗ್ಗಿಸಿ, ಕಾಯಿಸಿದ ಹಾಲು ಕೊನೆಗೆ ಹಾಕಿ. ಮತ್ತೆ ಜೋರಾಗಿ ಕುದಿಸಬೇಡಿ. ಟೊಮೆಟೊ, ನಿಂಬೆ, ಹುಣಸೆ ಹಾಕಿದರೆ ಹಾಲು ಒಡೆಯುತ್ತೆ.
5. ಮೆಣಸಿನ ಪುಡಿ ಉದುರಿಸಿ ಬಿಸಿಬಿಸಿ ಬಡಿಸಿ.

ಮೊದಲ ಸಲ ಮಾಡಿದಾಗ ಅಪ್ಪ ತಟ್ಟೆ ನೋಡಿ, "ಇದಕ್ಕೆ ಮುದ್ದೆ ಹೊಂದುತ್ತಾ?" ಅಂದ್ರು. ಹೊಂದಲಿಲ್ಲ, ನಿಜ. ಆದರೆ ಎರಡನೇ ಸಲ ಅವರೇ ಕೇಳಿ ಹಾಕಿಸಿಕೊಂಡ್ರು. ತಂಗಿ ಮಗ ಮೂರು ಸಲ.

ಮನೆ ಬಳಕೆಗೆ ಹೇಗೆ ಆರಿಸಬೇಕು, ಇಡಬೇಕು?

ಕಿತ್ತ ದಿನವೇ ನಾಲ್ಕು ಗುಂಪು ಮಾಡಿ.

- ಗಟ್ಟಿ, ಗಾಯವಿಲ್ಲದ್ದು: ಇಡಲು. ತೊಳೆಯದೆ, ನೆರಳಲ್ಲಿ ಕೆಲವು ದಿನ ಹರಡಿ ಸಿಪ್ಪೆ ಬಲಿಯಲು ಬಿಡಿ. ಆಮೇಲೆ ಕತ್ತಲೆ, ಗಾಳಿಯಾಡೋ ಜಾಗದಲ್ಲಿಡಿ. ಈರುಳ್ಳಿ ಜೊತೆ ಬೇಡ. ಫ್ರಿಜ್‌ನಲ್ಲಿಟ್ಟರೆ ಪಿಷ್ಟ ಸಕ್ಕರೆಯಾಗಿ ರುಚಿ ಕೆಡುತ್ತೆ.
- ಗುದ್ದಲಿ ತಾಗಿದ್ದು: ಅದೇ ವಾರ ಅಡುಗೆಗೆ. ಗಾಯದ ಭಾಗ ಕತ್ತರಿಸಿ ತೆಗೆಯಿರಿ.
- ಹಸಿರು, ಕಹಿ: ಬೇಡ.
- ಕೊಳೆತದ್ದು, ಅಂಗಮಾರಿ ಬಿದ್ದದ್ದು: ಹೊಲದ ಬದಿಯಲ್ಲಿ ಎಸೆಯಬೇಡಿ. ಅಲ್ಲೇ ಚಿಗುರಿದರೆ ರೋಗ ಮುಂದಿನ ಬೆಳೆಗೆ ದಾಟುತ್ತೆ. ಆಳವಾದ ಗುಂಡಿ ತೋಡಿ ಮುಚ್ಚಿ. ಅಂಥ ಹೊಲದ ಗಡ್ಡೆಯನ್ನು ಬಿತ್ತನೆಗೂ ಉಳಿಸಬೇಡಿ.

ಲೆಕ್ಕ ಹಾಕಿ ನೋಡಿ. ನಮ್ಮಂಥ ಆರು ಜನರ ಮನೆಗೆ ತಿಂಗಳಿಗೆ ಹತ್ತು ಕೆಜಿ ಸಾಕು. ರೇಟು ಬಿದ್ದ ವರ್ಷ ಆ ಹತ್ತು ಕೆಜಿ ಮಾರಿದರೂ ಹೆಚ್ಚೇನೂ ಸಿಗಲ್ಲ. ಅಷ್ಟಕ್ಕೋಸ್ಕರ ಮನೆಯವರಿಗೆ ಕೆಟ್ಟದ್ದು ಬಡಿಸಬೇಕಾ?

ಈಗ ನಮ್ಮನೇಲಿ ಪದ್ಧತಿ ಬದಲಾಗಿದೆ. ಕಿತ್ತಾಗ ಮೊದಲ ಬುಟ್ಟಿ ಅಮ್ಮನಿಗೆ, ಆಮೇಲೆ ಚೀಲಕ್ಕೆ. ಈ ಸಲ ನೀವೂ ಹಾಗೇ ಮಾಡಿ ನೋಡಿ.